‘ಜನ ಇಲ್ಲ’ ಎಂಬ ನನ್ನ ಸಿನಿಮಾ

ಮೂಡಿಗೆರೆಗೆ ಬಂದಿಳಿದ ದಿನವೇ ನಾನು ಜನರ ಪೈಕಿ ಅಲ್ಲ ಎಂದು ತಿಳಿಯಿತು. ಕಾಫಿ ತೋಟದ ಮಾಲೀಕ ಉಮೇಶಗೌಡರ ಜಗಲಿಯ ಮೇಲೆ ನಾನು, ನನ್ನ ಗಂಡ ಬಸವರಾಜ, ನಮ್ಮ ಸಾಮಾನು ತಂದ ಟೆಂಪೋದವನು, ಗೌಡರ ಹೆಂಡತಿ, ಕಾಫಿ ತಂದುಕೊಟ್ಟ ಹೆಂಗಸು, ಇಷ್ಟೂ ಮಂದಿ ಇದ್ದೆವು. ಗೌಡರು ನಮ್ಮ ನಡುವೆಯೇ ನಿಂತು ಫೋನಿನಲ್ಲಿ, “ಜನ ಇಲ್ಲ ಮಾರಾಯ. ಒಬ್ರೂ ಇಲ್ಲ. ನಾನೊಬ್ನೇ ಕೂತ್ಕೊಂಡು ಎಂತ ಮಾಡ್ಲಿ?” ಎಂದು ಯಾರಿಗೋ ಹೇಳುತ್ತಿದ್ದರು. ನಾನು ಬಸವರಾಜನ ಮುಖ ನೋಡಿದೆ. ಅವನು ಕಾಫಿ ಲೋಟದೊಳಗೆ ನೋಡುತ್ತಿದ್ದ. ಫೋನಿಟ್ಟ ಗೌಡರು, “ಕೂತ್ಕೊಳ್ಳಿ, ಕೂತ್ಕೊಳ್ಳಿ, ನಿಂತೇ ಇದೀರಲ್ಲ” ಎಂದು ಬಹಳ ಪ್ರೀತಿಯಿಂದಲೇ ಹೇಳಿದರು. ಅಂದರೆ ನಾವು ಅವರ ಕಣ್ಣಿಗೆ ಬಿದ್ದಿದ್ದೆವು, ಜನರಾಗಿ ಮಾತ್ರ ಬಿದ್ದಿರಲಿಲ್ಲ.

ಇಲ್ಲಿ ಜನ ಎಂದರೆ ತೋಟದ ಕೆಲಸಕ್ಕೆ ಬರುವವರು ಎಂದು ಅರ್ಥವಾಗುವುದಕ್ಕೆ ಸ್ವಲ್ಪ ದಿನ ಹಿಡಿಯಿತು. “ನಾಳೆ ಜನ ಬರ್ತಾರೆ” ಎಂದರೆ ಕೂಲಿಯವರು ಬರುತ್ತಾರೆ. “ಜನ ಹೆಂಗೆ ಸಿಗ್ತಾರೆ?” ಎಂಬುದು ಇಲ್ಲಿಯ ತೋಟದವರು ಮದುವೆಮನೆಯಲ್ಲೂ ಒಬ್ಬರನ್ನೊಬ್ಬರು ಕೇಳುವ ಮೊದಲ ಪ್ರಶ್ನೆ. ಕ್ಷೇಮಸಮಾಚಾರ ಆಮೇಲೆ. ನಮ್ಮ ಬನಹಟ್ಟಿಯಲ್ಲಾದರೆ ಎಲ್ಲರೂ ಮಂದಿ. ಮಗ್ಗದ ಮಾಲೀಕನೂ ಮಂದಿ, ನೇಯುವವನೂ ಮಂದಿ, ಕೆಲಸವಿಲ್ಲದೆ ಕಟ್ಟೆಗೆ ಕೂತವನೂ ಮಂದಿ. ಇಲ್ಲಿ ದುಡಿದರೆ ಮಾತ್ರ ಜನ. ಇದು ಗೌರವವೋ ಅವಮಾನವೋ ನನಗೆ ಈಗಲೂ ಬಗೆಹರಿದಿಲ್ಲ.

ನಾವು ಬಂದದ್ದು ಮಗ್ಗಗಳು ನಿಂತವು ಎಂದು. ಬಸವರಾಜ ಪಾವರಲೂಮ್ ಫಿಟ್ಟರ್. (ಗಂಡನ ಹೆಸರನ್ನು ಹೀಗೆ ಬರೆದಿದ್ದಕ್ಕೆ ಅವ್ವ ಬೈಯುತ್ತಾಳೆ, ಬೈಯಲಿ.) ಅವನು ರಿಪೇರಿ ಮಾಡುತ್ತಿದ್ದ ಮಗ್ಗಗಳನ್ನು ಒಂದೊಂದಾಗಿ ಗುಜರಿಗೆ ಹಾಕತೊಡಗಿದಾಗ, ಕಾಫಿಹಣ್ಣಿನ ಸಿಪ್ಪೆ ಸುಲಿಯುವ ಪಲ್ಪರ್, ಕಳೆ ಕೊಚ್ಚುವ ಮಿಷನ್ನು ಇವನ್ನೆಲ್ಲ ರಿಪೇರಿ ಮಾಡುವ ಮೂಡಿಗೆರೆಯ ವರ್ಕ್‌ಶಾಪಿನಿಂದ ಕರೆ ಬಂತು. ಗೇರು ಗೇರೇ, ಬೆಲ್ಟು ಬೆಲ್ಟೇ, ಹತ್ತಿ ಆದರೇನು ಕಾಫಿ ಆದರೇನು ಎಂದು ಹೊರಟುಬಂದ. ನಾನು ಅಲ್ಲಿ ಅಣ್ಣನ ಸ್ಟುಡಿಯೋದಲ್ಲಿ ಮದುವೆ ವಿಡಿಯೋಗಳನ್ನು ಎಡಿಟ್ ಮಾಡುತ್ತಿದ್ದೆ. ಅದರ ನಡುವೆ ನನ್ನದೇ ಸಣ್ಣ ಸಣ್ಣ ಸಿನಿಮಾ. ಅವನ್ನು ನೋಡಿದ ಊರವರು ಕೆಲವರು ನನ್ನನ್ನು ಬೀದಿಯಲ್ಲಿ ನಿಲ್ಲಿಸಿ, “ಕತಿ ಎಲ್ಲೈತಿ ತಂಗಿ?” ಎಂದು ಕೇಳಿದ್ದುಂಟು. ಕಥೆ ಇಲ್ಲ. ಮಿಷನ್ನು ಏನು ಮಾಡುತ್ತದೆ, ಅದರ ಪಕ್ಕದಲ್ಲಿ ಮನುಷ್ಯನ ಕೈ ಏನು ಮಾಡುತ್ತದೆ, ಅಷ್ಟೇ ತೋರಿಸುತ್ತೇನೆ. ಮಾತಿಲ್ಲ, ಹಾಡಿಲ್ಲ. ಐದಾರು ನಿಮಿಷದಲ್ಲಿ ಮುಗಿಯುತ್ತದೆ. ಅದೊಂದು ಸಮಾಧಾನ ಎಂದು ಅಣ್ಣ ಹೇಳುತ್ತಿದ್ದ.

ಗೌಡರು ನಮಗೆ ಬಾಡಿಗೆಗೆ ಕೊಟ್ಟದ್ದು ತೋಟದ ಅಂಚಿನಲ್ಲಿ ಖಾಲಿ ಬಿದ್ದಿದ್ದ ರೈಟರ್ ಮನೆ. ಫೋನಿನಲ್ಲಿ ಅವ್ವನಿಗೆ ಹಾಗೆಯೇ ಹೇಳಿದೆ. ಅವಳು ಓಣಿಯಲ್ಲೆಲ್ಲ, “ನನ್ನ ಮಗಳು ದೊಡ್ಡ ಸಾಹಿತಿಗಳ ಮನ್ಯಾಗ ಅದಾಳ” ಎಂದು ಸಾರಿಕೊಂಡು ಬಂದಳು. ಯಾವ ಸಾಹಿತಿ, ಏನು ಬರೆದಿದ್ದಾರೆ ಎಂದು ಹೈಸ್ಕೂಲಿನ ಕನ್ನಡ ಮಾಸ್ತರರು ನನಗೇ ಫೋನು ಮಾಡಿದರು. ಎಸ್ಟೇಟಿನಲ್ಲಿ ರೈಟರ್ ಎಂದರೆ ಹಾಜರಿ ಹಾಕುವ, ಲೆಕ್ಕ ಬರೆಯುವ ಗುಮಾಸ್ತ. ಅದನ್ನು ವಿವರಿಸಿದಾಗ ಮಾಸ್ತರರಿಗೆ ಬೇಜಾರಾಯಿತು. ಅವ್ವ ಮಾತ್ರ ತನ್ನ ಮಾತನ್ನು ಹಿಂದಕ್ಕೆ ತೆಗೆದುಕೊಳ್ಳಲಿಲ್ಲ.

ಕನ್ನಡವೇ ಅಲ್ಲವೇ, ಅದರಲ್ಲೇನು ಕಷ್ಟ ಎಂದುಕೊಂಡು ಬಂದಿದ್ದೆವು. ಬಸವರಾಜ ಮೊದಲ ದಿನ ಗೌಡರ ಪಲ್ಪರ್ ಬಿಚ್ಚಿ ಜೋಡಿಸಿ, “ಸರ, ಇನ್ನ ಮಿಷನ್ ಹಚ್ಚಲೇನ್ರಿ?” ಎಂದ. ಗೌಡರು ಎರಡು ಹೆಜ್ಜೆ ಹಿಂದೆ ಸರಿದರು. ನಮ್ಮಲ್ಲಿ ದೀಪವನ್ನೂ ಹಚ್ಚುತ್ತೇವೆ, ಫೋನನ್ನೂ ಹಚ್ಚುತ್ತೇವೆ, ಮಿಷನ್ನನ್ನೂ ಹಚ್ಚುತ್ತೇವೆ. ಇಲ್ಲಿ ಹಚ್ಚುವುದು ಬೆಂಕಿಯನ್ನು. “ಅಲ್ಲ ಬಸವರಾಜು, ಅದು ಹಳೇದಾಗಿರ್ಬೋದು, ಹಂಗಂತ ಸುಟ್ಟು ಹಾಕ್ತೀರಾ?” ಎಂದರಂತೆ. ಈಗ ಅವನು ಇಲ್ಲಿಯವರ ಹಾಗೆ “ಸ್ಟಾರ್ಟ್ ಮಾಡ್ಲಾ” ಎನ್ನುತ್ತಾನೆ. ಮನೆಗೆ ಬಂದು ಗ್ಯಾಸ್ ಒಲೆಗೂ ಅದನ್ನೇ ಹೇಳಿ ನನ್ನಿಂದ ಬೈಸಿಕೊಂಡಿದ್ದಾನೆ.

ನನಗೆ ಕಷ್ಟವಾದದ್ದು ಸದ್ದಿಲ್ಲದಿರುವುದು. ಬನಹಟ್ಟಿಯಲ್ಲಿ ಮಗ್ಗದ ಸದ್ದಿನಲ್ಲೇ ಹುಟ್ಟಿ, ಅದರಲ್ಲೇ ಓದಿ, ಅದರ ಮೇಲೆ ಕೂಗಿ ಮಾತಾಡಿ ಬೆಳೆದವಳು ನಾನು. ಮಗ್ಗ ನಿಂತರೆ ಕರೆಂಟು ಹೋಗಿದೆ, ಇಲ್ಲವೇ ಯಾರೋ ತೀರಿಕೊಂಡಿದ್ದಾರೆ ಎಂದು ಗೊತ್ತಾಗುತ್ತಿತ್ತು. ಇಲ್ಲಿ ಮಧ್ಯಾಹ್ನ ಉಂಡು ಅಡ್ಡಾದರೆ ಕಿವಿಯೊಳಗೆ ಏನೂ ಇಲ್ಲ. ಪ್ರವಾಸಿಗರು ಇದಕ್ಕಾಗಿಯೇ ದೇವರಮನೆ ಗುಡ್ಡಕ್ಕೆ ಕಾರು ಹತ್ತಿಸಿಕೊಂಡು ಹೋಗುತ್ತಾರೆ. ನನಗಂತೂ ಯಾರದೋ ಸಾವಿನ ಮನೆಯಲ್ಲಿ ಮಲಗಿದ ಹಾಗೆ ಆಗುತ್ತಿತ್ತು. ಬಸವರಾಜ ಕೆಲಸಕ್ಕೆ ಹೋದ ಮೇಲೆ ಹಳೆಯ ರೆಕಾರ್ಡಿಂಗು ತೆಗೆದು ಮಗ್ಗದ ಸದ್ದು ಹಾಕಿಕೊಂಡು ರೊಟ್ಟಿ ಬಡಿಯುತ್ತಿದ್ದೆ. ಎರಡೂ ತಾಳ ಕೂಡುತ್ತಿದ್ದವು. ಕೆಲವು ಸಲ ಅತ್ತದ್ದೂ ಉಂಟು.

ಆ ಸದ್ದು ಕೇಳಿಯೇ ಲೀಲಕ್ಕ ಬಂದದ್ದು. ಗೌಡರ ತೋಟದ ಕೆಲಸದವರಿಗೆಂದು ಕಟ್ಟಿದ ಸಾಲುಮನೆಗಳಿಗೆ ಇಲ್ಲಿ ಲೈನು ಎನ್ನುತ್ತಾರೆ. ಆ ಲೈನಿನ ಕೊನೆಯ ಮನೆ ಅವಳದು. ಗಂಡ ಇಲ್ಲ, ಮಗಳನ್ನು ಕಡೂರಿನ ಕಡೆಯ ಒಂದು ಹಳ್ಳಿಗೆ ಕೊಟ್ಟಿದೆ. ಬಾಗಿಲಲ್ಲಿ ನಿಂತು ಒಳಗೆಲ್ಲ ಕಣ್ಣಾಡಿಸಿ, “ಎಂತದು ಮಾರಾಯ್ತಿ, ಮನೆ ಒಳಗೆ ಗಿರಣಿ ಇಟ್ಟಿದೀಯ?” ಎಂದು ಕೇಳಿದಳು. ಕಟಿರೊಟ್ಟಿ ಮಾಡೋಣವೆಂದು ನಾನು ಅಂಗಳದಲ್ಲಿ ಒಣಗಲು ಹಾಕಿದ್ದ ಜೋಳದ ರೊಟ್ಟಿಗಳು ಒದ್ದೆ ಬಟ್ಟೆಯಂತೆ ಜೋತುಬಿದ್ದಿದ್ದವು. ಒಂದನ್ನು ಬೆರಳಲ್ಲಿ ಎತ್ತಿ, “ಪಾಪ” ಎಂದಳು. ಎಲ್ಲವನ್ನೂ ಕುಕ್ಕೆಯಲ್ಲಿ ತುಂಬಿಕೊಂಡು ಹೋಗಿ ತನ್ನ ಸೌದೆ ಒಲೆಯ ಮೇಲಿನ ಅಟ್ಟದಲ್ಲಿಟ್ಟಳು. ಮೂರನೆಯ ದಿನ ತಂದುಕೊಟ್ಟಾಗ ಮುರಿದರೆ ಟಣ್ ಎನ್ನುವ ಹಾಗಿದ್ದವು. ಸ್ವಲ್ಪ ಹೊಗೆಯ ವಾಸನೆ, ಜೊತೆಗೆ ಒಣಮೀನಿನದೂ. ಲಿಂಗಾಯತರ ಮನೆಯ ರೊಟ್ಟಿಗೆ ಒಣಮೀನಿನ ವಾಸನೆ ಹತ್ತಿದ್ದನ್ನು ಅವ್ವನಿಗೆ ಹೇಳಿಲ್ಲ. ತಿಂದೆವು. ಅಂದಿನಿಂದ ನಮಗೆ ಇಲ್ಲಿ ಒಂದು ಮನೆ ಇದೆ ಎನಿಸಿತು.

ಲೀಲಕ್ಕನದು ಬೀಜ ಆರಿಸುವ ಕೆಲಸ. ಗೌಡರು ಒಂದಷ್ಟು ಕಾಫಿಯನ್ನು ತಾವೇ ಹೊಟ್ಟು ತೆಗೆಸಿ ನೇರವಾಗಿ ಬೆಂಗಳೂರಿನ ಅಂಗಡಿಗಳಿಗೆ ಮಾರುತ್ತಾರೆ. ಅದರಲ್ಲಿ ಕಪ್ಪಾದದ್ದು, ಹುಳು ಕೊರೆದದ್ದು, ಒಡೆದದ್ದು ಇರಬಾರದು. ಕಾಫಿ ಮೂಟೆ ಇಡುವ ಸ್ಟೋರಿನ ಕಿಟಕಿಯ ಬೆಳಕಿಗೆ ಆರು ಹೆಂಗಸರು ಮೊರ ಹಿಡಿದು ಕೂತು, ಕೆಟ್ಟ ಬೀಜ ತೆಗೆದು ಹಾಕುತ್ತಿದ್ದರು. ಮೊದಲೆಲ್ಲ ಲೀಲಕ್ಕ ಹಣ್ಣು ಕೊಯ್ಯುವುದಕ್ಕೇ ಹೋಗುತ್ತಿದ್ದವಳು. ಮಂಡಿ ಹೋದ ಮೇಲೆ ಇಳಿಜಾರಿನಲ್ಲಿ ನಿಲ್ಲಲು ಆಗುವುದಿಲ್ಲ. ಕೂತು ಮಾಡುವ ಈ ಕೆಲಸ ಒಂದೇ ಅವಳಿಗೆ ಉಳಿದಿದ್ದದ್ದು. ಕೆಲಸ ಇದ್ದರೆ ಲೈನಿನ ಮನೆ, ಇಲ್ಲದಿದ್ದರೆ ಕಡೂರಿನ ಅಳಿಯನ ಮನೆ. ಇದನ್ನು ಅವಳು ಹವಾಮಾನ ಹೇಳುವಷ್ಟು ಸಲೀಸಾಗಿ ಹೇಳುತ್ತಿದ್ದಳು.

ಆ ಸ್ಟೋರು ನನಗೆ ಸಿಕ್ಕ ಎರಡನೆಯ ಬನಹಟ್ಟಿ. ಅಲ್ಲಿ ಸದ್ದಿತ್ತು. ಮೊರದ ಮೇಲೆ ಬೀಜ ಜಾರುವ ಸದ್ದು, ಅದರ ಮೇಲೆ ಆರು ಹೆಂಗಸರ ಮಾತು. ಯಾರ ಮಗಳಿಗೆ ಗಂಡು ಬಂತು, ಕೊಟ್ಟಿಗೆಹಾರದ ಹೋಟೆಲಿನಲ್ಲಿ ನೀರುದೋಸೆಗೆ ಕೊಡುವ ಚಟ್ನಿ ಯಾಕೆ ಹಾಳಾಯಿತು, ಮೇಸ್ತ್ರಿಯ ಹೊಸ ಮೀಸೆ ಹೇಗಿದೆ. ಅವ್ವ ಅಕ್ಕಪಕ್ಕದವರ ಜೊತೆ ಮಗ್ಗಕ್ಕೆ ನೂಲಿನ ಕಂಡಕಿ ಸುತ್ತುತ್ತಾ ಆಡುತ್ತಿದ್ದದ್ದೂ ಇವೇ ಮಾತು. ಚಟ್ನಿ ಬದಲು ಪುಂಡಿಪಲ್ಯ, ಅಷ್ಟೇ. ನಾನು ದಿನವೂ ಕ್ಯಾಮೆರಾ ಹಿಡಿದುಕೊಂಡು ಹೋಗತೊಡಗಿದೆ. ಮೊದಲು ಸೆರಗು ಸರಿಮಾಡಿಕೊಂಡು ಫೋಟೋಕ್ಕೆ ಕೂತಂತೆ ಕೂರುತ್ತಿದ್ದರು. ನಾನು ಮುಖ ತೆಗೆಯುವುದೇ ಇಲ್ಲ, ಕೈ ಮಾತ್ರ ಎಂದು ಗೊತ್ತಾದ ಮೇಲೆ, “ಈ ಕೈಯ್ಯನ್ನ ಯಾರು ನೋಡ್ತಾರೆ ಮಾರಾಯ್ತಿ, ಬಳೆನಾದ್ರೂ ಹಾಕ್ಕಂಡ್ ಬರ್ತಿದ್ವಿ” ಎಂದು ನಕ್ಕರು.

ಆ ಬೇಸಿಗೆಯ ಮೊದಲಿಗೇ, ಕೊಯ್ಲು ಇನ್ನೂ ಮುಗಿಯದಿರುವಾಗ, ಗೌಡರು ಬೀಜ ಆರಿಸುವ ಮಿಷನ್ನು ತರಿಸಿದರು. ಅದನ್ನು ಕೂರಿಸುವ ಕೆಲಸ ಬಸವರಾಜನ ಪಾಲಿಗೆ ಬಂತು.

ಗೌಡರು ಕೆಟ್ಟವರಲ್ಲ ಎಂದು ಇಲ್ಲಿಯೇ ಹೇಳಿಬಿಡುತ್ತೇನೆ. ಅವರ ಕಷ್ಟವೂ ಕಣ್ಣಿಗೆ ಕಾಣುವಂಥದೇ. “ನೋಡಿ ಮಾದೇವಿ, ಹಣ್ಣು ಗಿಡದಲ್ಲೇ ಒಣಗ್ತಾ ಇದೆ, ಕೊಯ್ಯಕ್ಕೆ ಜನ ಇಲ್ಲ. ಇಲ್ಲಿ ನೋಡಿದ್ರೆ ಆರು ಜನ ನೆರಳಲ್ಲಿ ಕೂತಿದಾರೆ. ಇವ್ರು ತೋಟಕ್ಕೆ ಹೋದ್ರೆ ನಾನು ಬದುಕ್ತೀನಿ” ಎಂದು ನನ್ನ ಹತ್ತಿರ ಹೇಳಿಕೊಂಡರು. ಐದು ಮಂದಿ ತೋಟಕ್ಕೆ ಹೋಗಬಲ್ಲರು. ಆರನೆಯವಳ ಮಂಡಿಯ ಸಂಗತಿ ಅವರಿಗೂ ಗೊತ್ತಿತ್ತು. “ಲೀಲ ಲೈನಲ್ಲೇ ಇರ್ಲಿ, ನಾನೇನು ಹೋಗು ಅಂತೀನಾ?” ಎಂದರು. ಲೀಲಕ್ಕನಿಗೆ ಇದನ್ನು ಹೇಳಿದರೆ, “ಕೆಲಸ ಮಾಡದೆ ಲೈನಲ್ಲಿ ಕೂರೋದು ಎಂತಕ್ಕೆ, ನಾನೇನು ಅವ್ರ ನೆಂಟಳಾ?” ಎಂದಳು.

ನಾನು ಮನೆಯಲ್ಲಿ ಜಗಳ ತೆಗೆದೆ. ಆ ಮಿಷನ್ನು ನೀನು ಹಚ್ಚಬೇಡ ಎಂದೆ. ಬಸವರಾಜ ಉಣ್ಣುತ್ತಾ ಕೂತಿದ್ದವನು ಕೈ ನಿಲ್ಲಿಸಿದ. “ನಾ ಹಚ್ಚಲಿಲ್ಲಂದ್ರ ಹಾಸನದಾಂವ ಬಂದು ಹಚ್ಚತಾನ. ನಮ್ಮಪ್ಪ ಕೈಮಗ್ಗದಾಂವ ಇದ್ದ. ಪಾವರಲೂಮ್ ಬ್ಯಾಡಂತ ಹಟಾ ಹಿಡಿದು ಕುಂತಾ. ಏನಾತು? ಮಗ ಪಾವರಲೂಮ್ ರಿಪೇರಿ ಕಲತಾ. ಈಗ ಅದೂ ನಿಂತು ಇಲ್ಲಿ ಬಂದೀನಿ. ನಾ ಎಷ್ಟ ಸಲ ಹಿಂದ ಸರೀಲಿ ಹೇಳು.” ಅವನ ಸಿಟ್ಟು ನ್ಯಾಯದ್ದೇ. ನನ್ನದೂ ನ್ಯಾಯದ್ದೇ. ರೊಟ್ಟಿ ಆರಿಹೋಯಿತು.

ಮಿಷನ್ನು ಓಡತೊಡಗಿದಾಗ ನೋಡಲು ಎಲ್ಲರೂ ಬಂದರು. ಮೇಲಿಂದ ಬೀಜ ಸುರಿದರೆ ಜಾರುಪಟ್ಟಿಯ ಮೇಲೆ ಇಳಿಯುತ್ತದೆ. ಒಳಗಿನ ಕ್ಯಾಮೆರಾ ಒಂದೊಂದು ಬೀಜವನ್ನೂ ನೋಡುತ್ತದೆ. ಕಪ್ಪಿದ್ದರೆ ಸಣ್ಣ ಕೊಳವೆಯಿಂದ ಗಾಳಿ ಊದಿ ಪಕ್ಕಕ್ಕೆ ಹಾರಿಸುತ್ತದೆ. ಟಕ್, ಟಕಟಕ, ಟಕ್. ಲೀಲಕ್ಕ ಬಹಳ ಹೊತ್ತು ನೋಡಿದಳು.

“ಇದರ ಒಳಗಿರೋದು ನಿನ್ನ ಹತ್ರ ಇರೋ ಥರದ್ದೇ ಕ್ಯಾಮೆರಾನಾ?”

“ಹೌದ್ರೀ ಲೀಲಕ್ಕ, ಹೆಚ್ಚುಕಮ್ಮಿ ಅದೇ.”

“ನಿಂದೇ ವಾಸಿ. ನೋಡ್ತದೆ, ಸುಮ್ನಿರ್ತದೆ. ಇದು ನೋಡಿ ಉಫ್ ಅಂತ ಊದ್ಬಿಡ್ತದೆ” ಎಂದಳು. ಎಲ್ಲರೂ ನಕ್ಕರು. ಗೌಡರೂ ನಕ್ಕರು. ನನಗೆ ನಗು ಬರಲಿಲ್ಲ. ನನ್ನದು ಸುಮ್ಮನಿರುತ್ತದೆ ಎಂಬುದು ಹೊಗಳಿಕೆಯ ಹಾಗೆ ಕೇಳಿಸಲಿಲ್ಲ.

ಸ್ಟೋರಿನಲ್ಲಿ ತೆಗೆದದ್ದನ್ನೆಲ್ಲ ಒಂದು ಸಿನಿಮಾ ಮಾಡಿ ಹೀಗೆ ಜೋಡಿಸಿದೆ. ಪರದೆಯ ಎಡಭಾಗದಲ್ಲಿ ಕೈಗಳು, ಬಲಭಾಗದಲ್ಲಿ ಮಿಷನ್ನು. ಸದ್ದನ್ನು ಮಾತ್ರ ಅದಲುಬದಲು ಮಾಡಿದೆ. ಕೈಗಳು ಆರಿಸುವಾಗ ಟಕಟಕ ಎನ್ನುವ ಗಾಳಿಯ ಸದ್ದು, ಮಿಷನ್ನು ಆರಿಸುವಾಗ ಆರು ಹೆಂಗಸರ ಮಾತು. ಕೊನೆಗೆ ಎಡಭಾಗ ಖಾಲಿಯಾಗುತ್ತದೆ. ಬಲಭಾಗದಲ್ಲಿ ಮಿಷನ್ನು ಒಂದೇ ಓಡುತ್ತಾ ಲೀಲಕ್ಕನ ದನಿಯಲ್ಲಿ ಚಟ್ನಿಯ ಬಗ್ಗೆ ದೂರುತ್ತದೆ. ಹೆಸರು ‘ಜನ ಇಲ್ಲ’. ಇದಕ್ಕಿಂತ ಸರಿಯಾದ ಹೆಸರು ಇರಲಾರದು ಎಂದು ನನಗೆ ಬಹಳ ಹೆಮ್ಮೆಯಿತ್ತು. ಇಲ್ಲಿಯ ಮಾತನ್ನು ಇಲ್ಲಿಯವರಿಗೇ ತಿರುಗಿಸಿ ಕೊಟ್ಟೆ ಎಂದುಕೊಂಡಿದ್ದೆ.

ಗೌಡರು ಉತ್ಸಾಹದಿಂದ ಸ್ಟೋರಿನಲ್ಲೇ ಪ್ರದರ್ಶನ ಇಟ್ಟರು. ಮಧ್ಯಾಹ್ನ ಕಿಟಕಿಗಳಿಗೆ ಗೋಣಿ ಕಟ್ಟಿ ಕತ್ತಲು ಮಾಡಿದೆವು. ಮುಂದೆ ಕುರ್ಚಿಗಳಲ್ಲಿ ಗೌಡರ ಸ್ನೇಹಿತರಾದ ನಾಲ್ಕಾರು ತೋಟದವರು, ಹಿಂದೆ ಮೂಟೆಗಳ ಮೇಲೆ ಹೆಂಗಸರು. ಹೆಸರು ಬಂದ ಕೂಡಲೇ ಕುರ್ಚಿಯವರು, “ಅಲ್ವಾ! ಸರಿಯಾಗಿ ಹೇಳಿದಾರೆ. ಅದೇ ನಮ್ಮ ಸಮಸ್ಯೆ” ಎಂದು ತಲೆಯಾಡಿಸಿದರು. ತಿರುಗಿಸಿ ಕೊಟ್ಟದ್ದು ಅವರಿಗೆ ತಿರುಗಿದ ಹಾಗೆ ಕಾಣಲೇ ಇಲ್ಲ. ಮಿಷನ್ನು ಮಾತಾಡಲು ಶುರುಮಾಡಿದಾಗ ಮೂಟೆಗಳ ಕಡೆಯಿಂದ ನಗು ಬಂತು. ಮೇಸ್ತ್ರಿಯ ಮೀಸೆಯ ಮಾತಿಗೆ ಇಡೀ ಸ್ಟೋರು ನಕ್ಕಿತು, ಮೇಸ್ತ್ರಿಯೊಬ್ಬನನ್ನು ಬಿಟ್ಟು. ಲೀಲಕ್ಕ ನಗಲಿಲ್ಲ.

ಗೋಣಿ ಬಿಚ್ಚುವಾಗ ನನ್ನ ಪಕ್ಕಕ್ಕೆ ಬಂದಳು. “ಮಾದೇವಿ, ಅದು ನನ್ನ ಕೈಯ್ಯೇ ಅಲ್ವಾ?”

“ಹೌದು.”

“ಮತ್ತೆ ಅದರ ಮೇಲೆ ಜನ ಇಲ್ಲ ಅಂತ ಯಾಕೆ ಬರ್ದೆ?”

ನಾನು ವ್ಯಂಗ್ಯ, ಉಲ್ಟಾ ಅರ್ಥ ಎಂದೆಲ್ಲ ಹೇಳಹೊರಟೆ. ನಾನು ಮುಗಿಸಿದ ಮೇಲೆ, “ಗೌಡ್ರು ದಿನಾ ಹೇಳ್ತಾರೆ, ಅದು ಅವ್ರ ಬಾಯಿ ಅಭ್ಯಾಸ, ನಾವು ಬೇಜಾರು ಮಾಡ್ಕಳಲ್ಲ. ನೀನು ನನ್ನ ಒಲೆ ಮುಂದೆ ಕೂತು ಉಂಡೋಳು” ಎಂದಳು. ನನಗೆ ನಾಚಿಕೆಯಾಯಿತು. ಹೆಸರು ಬದಲಿಸುತ್ತೇನೆ, ಏನಿಡಲಿ ನೀವೇ ಹೇಳಿ ಎಂದೆ. “ನಮ್ಮ ಹೆಸರಿಲ್ವಾ? ಅದನ್ನೇ ಇಡು.”

ಈಗ ಆ ಸಿನಿಮಾದ ಹೆಸರು ‘ಲೀಲಾ, ಗಿರಿಜಾ, ಸುಂದರಿ, ಪಾರ್ವತಿ, ಯಶೋದಾ, ಕಮಲಾ’. “ಇದೇನು ಸಿನಿಮಾನೋ ಮತದಾರರ ಪಟ್ಟಿನೋ” ಎಂದು ಬಸವರಾಜ ಕೇಳಿದ. ಮೊದಲಿನ ಹೆಸರೇ ಚೆನ್ನಾಗಿತ್ತು ಎಂದು ಗೌಡರು ಈಗಲೂ ಹೇಳುತ್ತಾರೆ. ಸಿನಿಮಾ ಮಾಡುವ ಗೆಳೆಯರ ಕಡೆಯಿಂದಲೂ ಅದೇ ಮಾತು ಬಂದಿದೆ. ಬರಲಿ.

ಬಸವರಾಜ ಸುಮ್ಮನೆ ಕೂತಿರಲಿಲ್ಲ. ಮಿಷನ್ನು ಊದಿ ಬಿಸಾಡಿದ ರಾಶಿಯಲ್ಲಿ ಒಳ್ಳೆಯ ಬೀಜವೂ ಹೋಗುತ್ತದೆ, ಅದನ್ನು ಮತ್ತೆ ಆರಿಸಲು ಒಬ್ಬರು ಬೇಕೇಬೇಕು ಎಂದು ಗೌಡರಿಗೆ ತೋರಿಸಿಕೊಟ್ಟ. ಗೌಡರು ಕೂಡಲೇ ಒಪ್ಪಿದರು. ಲೀಲಕ್ಕನಿಗೆ ಒರಗುವ ಕುರ್ಚಿ ಬಂತು, ತಲೆಯ ಮೇಲೆ ದೀಪ ಬಂತು. ನಾವು ಗೆದ್ದೆವು ಎಂದುಕೊಂಡೆ. ಅವತ್ತು ನಮ್ಮ ಮನೆಯಲ್ಲಿ ಹೋಳಿಗೆ.

ಸ್ವಲ್ಪ ದಿನ ಬಿಟ್ಟು ಸ್ಟೋರಿಗೆ ಹೋದೆ. ಐದು ಮೊರಗಳನ್ನು ಗೋಡೆಗೆ ಒರಗಿಸಿಟ್ಟಿತ್ತು. ಲೀಲಕ್ಕನ ಮುಂದೆ ಒಂದು ಸಣ್ಣ ರಾಶಿ, ಪಕ್ಕದಲ್ಲಿ ಟಕಟಕ. ಅವಳ ಕೈ ಆರಿಸುತ್ತಿತ್ತು, ಬಾಯಿ ಮುಚ್ಚಿತ್ತು. ಆ ಬಾಯಿ ಮುಚ್ಚಿದ್ದನ್ನು ನಾನು ನೋಡಿದ್ದು ಅದೇ ಮೊದಲು. ಹೇಗಿದೆ ಎಂದು ಕೇಳಿದೆ.

“ಕೆಲಸ ಸುಲಭ. ಮಂಡಿಗೂ ಆರಾಮ. ಗೌಡ್ರೂ ಎಂತ ಅನ್ನಲ್ಲ” ಎಂದಳು. ಆಮೇಲೆ ಗೋಡೆಯ ಕಡೆ ನೋಡಿ, “ಆದ್ರೆ ಇಲ್ಲಿ ಜನ ಇಲ್ಲ ಮಾರಾಯ್ತಿ” ಎಂದಳು.

ಇಲ್ಲಿಗೆ ಬಂದ ಮೇಲೆ ಆ ಮಾತನ್ನು ನಮ್ಮ ಊರಿನ ‘ಮಂದಿ’ಯ ಅರ್ಥದಲ್ಲಿ ನಾನು ಕೇಳಿದ್ದು ಅದೊಂದೇ ಸಲ. ಮಳೆಗಾಲಕ್ಕೆ ಮುಂಚೆ ಅವಳು ಕಡೂರಿನ ಕಡೆಯ ಮಗಳ ಮನೆಗೆ ಹೊರಟಳು. ಗೌಡರು ತಡೆದು ನೋಡಿದರು, ತಮ್ಮದೇ ಜೀಪು ಕೊಟ್ಟು ಕಳಿಸಿದರು. ಲೈನಿನ ಆ ಮನೆಗೆ ಅಸ್ಸಾಮಿನಿಂದ ಬಂದ ಗಂಡಹೆಂಡತಿ ಬಂದಿದ್ದಾರೆ. ಅಸ್ಸಾಮಿನ ಆ ಹೆಂಗಸಿಗೆ ಬಟ್ಟೆ ಎಲ್ಲಿ ಒಣಗಿಸಬೇಕು, ಯಾವ ಅಂಗಡಿಯಲ್ಲಿ ಯಾವ ಅಕ್ಕಿ ಸಿಗುತ್ತದೆ ಎಂದು ಹೇಳಿಕೊಟ್ಟದ್ದು ನಾನು, ಕೈಸನ್ನೆಯಲ್ಲೇ.

ಬನಹಟ್ಟಿಯಿಂದ ಅವ್ವ ವಾರಕ್ಕೊಮ್ಮೆ, “ಯಾವಾಗ ಬರ್ತೀರಿ?” ಎಂದು ಕೇಳುತ್ತಾಳೆ. ಅವಳ ಫೋನಿನ ಹಿಂದೆ ಕೇಳುತ್ತಿದ್ದ ಮಗ್ಗಗಳಲ್ಲಿ ಈಗ ಒಂದೆರಡು ಮಾತ್ರ ಉಳಿದಿವೆ. ದೀಪಾವಳಿಗೆ ಎನ್ನುತ್ತೇನೆ. ಹೋದರೆ ಎರಡು ದಿನಕ್ಕೆ ತುಟಿ ಒಡೆಯುತ್ತದೆ, ಬಿಸಿಲಿಗೆ ಕಣ್ಣು ತೆರೆಯಲಾಗುವುದಿಲ್ಲ, ಬಾಯಿತಪ್ಪಿ “ಎಂತ” ಎಂದರೆ ಓಣಿಯವರೆಲ್ಲ ನಗುತ್ತಾರೆ. ಇಲ್ಲಿ ಬಂದರೆ ರೊಟ್ಟಿ ಬಡಿಯುವ ಸದ್ದಿಗೆ ದಾರಿಹೋಕರು ತಿರುಗಿ ನೋಡುತ್ತಾರೆ.

ಮೊನ್ನೆ ಲೀಲಕ್ಕನೇ ಫೋನು ಮಾಡಿದ್ದಳು. ಅಲ್ಲಿ ಎತ್ತ ನೋಡಿದರೂ ಬರೀ ಆಕಾಶವಂತೆ, ನೋಡಿ ನೋಡಿ ಕಣ್ಣು ನೋಯುತ್ತದಂತೆ. ಮುದ್ದೆ ಗಂಟಲಲ್ಲಿ ಇಳಿಯುವುದಿಲ್ಲ, ಪಕ್ಕದ ಮನೆಯವರ ಮಾತು ಜಗಳ ಆಡಿದ ಹಾಗೆ ಕೇಳಿಸುತ್ತದೆ. ಜಗಳ ಅಲ್ಲ ಲೀಲಕ್ಕ, ಬಯಲುಸೀಮೆಯವರ ಮಾತೇ ಹಾಗೆ, ಒಂದು ಸಲ ನೀವೇ ಅವರ ಮನೆಗೆ ಹೋಗಿ ಬನ್ನಿ ಎಂದು ಬುದ್ಧಿ ಹೇಳಿದೆ. ಹೂಂಗುಟ್ಟಿದಳು. ಆಮೇಲೆ, “ನಿಮ್ಮಲ್ಲಿ ಮಳೆ ಹಿಡೀತಾ?” ಎಂದು ಕೇಳಿದಳು.

ಇಷ್ಟು ದಿನ ಅವಳ ಬಾಯಲ್ಲಿ ‘ನಿಮ್ಮಲ್ಲಿ’ ಎಂದರೆ ಬನಹಟ್ಟಿ. ಹಾಗಾಗಿ, “ಇಲ್ಲ, ಇನ್ನೂ ಒಂದು ಹನಿ ಬಿದ್ದಿಲ್ಲ ಅಂತ ಅವ್ವ ಹೇಳಿದ್ಲು” ಎಂದೆ.

“ಬನಹಟ್ಟಿ ಅಲ್ಲ ಮಾರಾಯ್ತಿ. ನಿಮ್ಮಲ್ಲಿ. ತೋಟದಲ್ಲಿ.”

ಅವಳು ಹುಟ್ಟಿ ಬೆಳೆದ ಜಾಗ. ಅದು ನನ್ನದಲ್ಲ, ನಿಮ್ಮದು ಎನ್ನಬೇಕಿತ್ತು. ಕಿಟಕಿಯಾಚೆ ಬೆಳಗಿನಿಂದ ಒಂದೇ ಸಮ ಸುರಿಯುತ್ತಿತ್ತು. “ಹಿಡೀತು ಲೀಲಕ್ಕ” ಎಂದೆ. “ನಮ್ಮಲ್ಲಿ ಜೋರಾಗಿದೆ.”